ಹಿತ್ತಾಳೆಯ ಕಿವಿ

ಮಾಳಮಡ್ಡಿಯ ಗುರುಪಾದ ಮಾಸ್ತರರು ನಿವೃತ್ತರಾದ ಮರುದಿನವೇ ತಮ್ಮದೇ ಒಂದು ಹೊಸ ಪುರಾಣ ಬರೆಯಲು ಕೂತರು. ಅದರಲ್ಲಿ ಕಥೆಯಪ್ಪನೆಂಬ ದೇವರು ಜಗತ್ತನ್ನು ಕಥೆಯಾಗಿ ಹೇಳುತ್ತಲೇ ಇರುತ್ತಾನೆ. ಯಾರಾದರೂ ‘ಹೂಂ’ ಅನ್ನುತ್ತಿರುವ ತನಕ ಮಾತ್ರ ಜಗತ್ತು ನಡೆಯುತ್ತದೆ. ಹಾಗಾಗಿ ಆ ಪುರಾಣದ ಪವಿತ್ರ ಲಾಂಛನ ಕಿವಿ. ತಾರಿಹಾಳದ ಕಾರ್ಖಾನೆಯಲ್ಲಿ ಎರಕ ಹೊಯ್ಸಿ ತಂದ ಅಂಗೈಯಗಲದ ಹಿತ್ತಾಳೆ ಕಿವಿಯೊಂದು ಪಡಸಾಲೆಯ ಮೇಜಿನ ಮೇಲಿದೆ. ಸಿಲಿಂಡರ್ ತಂದವನೂ ಅದನ್ನು ಕಣ್ಣಿಗೊತ್ತಿಕೊಂಡು ಒಂದು ಅಧ್ಯಾಯ ಕೇಳಿಯೇ ಹೋಗಬೇಕು. “ಹೂಂ ಅನ್ರಿ, ಇಲ್ಲಾಂದ್ರ ಜಗತ್ತು ನಿಂತ ಹೋಗತೈತಿ!” ಎಂದು ಗದರುವ ಮಾಸ್ತರರು, ಎದುರಿನವರೇ ಏನಾದರೂ ಹೇಳಲು ಬಾಯಿ ತೆರೆದರೆ “ಆಮ್ಯಾಲ ಹೇಳ್ರಿ” ಎಂದು ಪುಟ ತಿರುವುತ್ತಾರೆ. ಪರಿಚಯದವರೆಲ್ಲ ಈಗ ಹಿಂದಿನ ಓಣಿಯಿಂದ ಸುತ್ತು ಹಾಕಿ ಹೋಗುತ್ತಾರೆ. ತಪ್ಪದೆ ಹೂಂಗುಟ್ಟುವವರು ಹೆಂಡತಿ ಚನ್ನಬಸವ್ವ ಒಬ್ಬರೇ. ಮೊರದಲ್ಲಿ ಜೋಳ ಹಸನು ಮಾಡುತ್ತ, ಗಂಡನ ಹುಬ್ಬು ಮೇಲೇರಿದಾಗಲೆಲ್ಲ “ಹೂಂ” ಅನ್ನುತ್ತಾರೆ. ಮೇಜಿನ ಮೇಲಿರುವುದೂ ಅವರದೇ ಎಡಗಿವಿಯ ಅಚ್ಚು. ಅದು ತಿಳಿದು ಪಕ್ಕದ ಮನೆಯ ಭಾಗ್ಯಶ್ರೀ, “ಪುಣ್ಯಾ ಮಾಡೀರಿ ಬಿಡ್ರಿ, ಕಾಕೂ” ಅಂದಳು. ಚನ್ನಬಸವ್ವ ನಕ್ಕರು. “ಆ ಕಿವಿ ಕೇಳೂದ ನಿಂತು ಹತ್ತ ವರ್ಷ ಆತವ್ವಾ. ಅದಕ ಆ ಬಾಜೂನ ಅವರ ಕಡೆ ಮಾಡಿ ಕುಂದ್ರತೇನಿ.” ಭಾಗ್ಯಶ್ರೀ ದಂಗಾದಳು. “ಕಾಕಾಗ ಹೇಳಿಲ್ಲೇನ್ರಿ?” “ಮೂರ ಸಲ ಹೇಳಾಕ ಹೋದೆ. ಆಮ್ಯಾಲ ಹೇಳು ಅಂದಾರ.”