ಎಡಗಾಲಿನ ಚೀಟಿ

ಒಂದೇ ಕ್ಲಬ್ಬಿನ ಅಂಗಿಯಲ್ಲಿ ಹದಿನೇಳು ವರ್ಷ ಕಳೆದವನನ್ನು ಜನ ನಿಷ್ಠಾವಂತ ಎನ್ನುತ್ತಾರೆ. ಒಂದೇ ನೊಗಕ್ಕೆ ಹದಿನೇಳು ವರ್ಷ ಹೆಗಲು ಕೊಟ್ಟ ಎತ್ತನ್ನೂ ಹಾಗೆಯೇ ಹೊಗಳುತ್ತಾರೆ, ಎತ್ತನ್ನು ಮಾತ್ರ ಯಾರೂ ಒಂದು ಮಾತು ಕೇಳುವುದಿಲ್ಲ. ಸೂಜಿಯ ವಿಷಯದಲ್ಲಿ ನಡೆದದ್ದು ಅದೇ.

ಸೂಜಿ ಎಂಬುದು ತಾಯಿ ಇಟ್ಟ ಹೆಸರಲ್ಲ. ಅಪ್ಪ ದರ್ಜಿ. ಹದಿನಾಲ್ಕನೇ ವಯಸ್ಸಿನಲ್ಲಿ ಅಪ್ಪ ಹೊಲಿದುಕೊಟ್ಟ ಚಡ್ಡಿ ತೊಟ್ಟು ಫುಟ್‌ಬಾಲ್ ಮೈದಾನಕ್ಕೆ ಬಂದಾಗ ಜೊತೆಯವರು ಹೀಯಾಳಿಸಿ ಇಟ್ಟ ಹೆಸರು. ನಾಲ್ಕೈದು ವರ್ಷ ಕಳೆಯುವುದರೊಳಗೆ ಅದೇ ಹೆಸರನ್ನು ಊರೆಲ್ಲ ಮೆಚ್ಚಿ ಕೂಗತೊಡಗಿತು. ಆಳು ಮೋಟು. ಆದರೆ ಮೈದಾನದ ನಟ್ಟನಡುವೆ ನಿಂತು, ಎದುರಾಳಿಗಳ ಕಾಲುಗಳ ನಡುವೆ ದಾರ ಪೋಣಿಸುವಷ್ಟು ಸಂದಿ ಕಂಡರೂ ಚೆಂಡನ್ನು ಅದರೊಳಗಿಂದ ಮುಂದಿನವನಿಗೆ ದಾಟಿಸಿಬಿಡುತ್ತಿದ್ದ. ಪತ್ರಿಕೆಯಲ್ಲಿ ಗೋಲು ಹೊಡೆದವನ ಫೋಟೋ ಬರುತ್ತಿತ್ತು. ಇವನದು ಕಡಿಮೆ. ಅದಕ್ಕೆ ಅವನಿಗೆ ಬೇಸರವೂ ಇರಲಿಲ್ಲ. ಕೋಟು ತೊಟ್ಟವನನ್ನು ಜನ ನೋಡುತ್ತಾರೆ, ದರ್ಜಿಯನ್ನು ಯಾರು ನೋಡುತ್ತಾರೆ ಎಂದು ಅಪ್ಪ ಮೊದಲೇ ಹೇಳಿಕೊಟ್ಟಿದ್ದ.

ಆ ಕ್ಲಬ್ಬಿನಲ್ಲಿ ಒಂದು ಪದ್ಧತಿ ಇತ್ತು. ಡಾಕ್ಟರು ಬರುವುದು ಪಂದ್ಯದ ದಿನ ಮಾತ್ರ. ವಾರದ ಉಳಿದ ದಿನ ಆಟಗಾರರ ಮೈಕೈಯೆಲ್ಲ ಮಾಲೀಸಿನವನ ಪಾಲು. ಯಾರ ಕಾಲು ಆಡಬಲ್ಲದು, ಯಾರದು ಆಡಲಾರದು ಎಂದು ಅವನು ಒತ್ತಿ ನೋಡಿ ಹಳದಿ ಚೀಟಿಯಲ್ಲಿ ಬರೆದುಕೊಡಬೇಕು. ಡಾಕ್ಟರು ಮೊದಲೇ ಸಹಿ ಹಾಕಿಟ್ಟ ಖಾಲಿ ಚೀಟಿಗಳ ಕಟ್ಟು ಅವನ ಗೂಡಿನಲ್ಲೇ ಇರುತ್ತಿತ್ತು. ಅವನ ಬೆರಳು ಎಂದೂ ತಪ್ಪಿದ್ದಿಲ್ಲವಾದ್ದರಿಂದ ಯಾರಿಗೂ ಇದು ವಿಚಿತ್ರ ಅನ್ನಿಸಿರಲಿಲ್ಲ.

ಸೂಜಿ ಅವನನ್ನು ಅಣ್ಣ ಎನ್ನುತ್ತಿದ್ದ. ಬಟ್ಟೆ ಬದಲಿಸುವ ಕೋಣೆಯ ಪಕ್ಕದ ಚಿಕ್ಕ ಕೋಣೆ, ಹರಿದ ರೆಕ್ಸಿನ್ನಿಗೆ ಪಟ್ಟಿ ಅಂಟಿಸಿದ ಕಬ್ಬಿಣದ ಮೇಜು, ಹಗ್ಗದ ಮೇಲೆ ಒಣಗುವ ಟವಲುಗಳು, ಗೋಡೆಗೂ ಹತ್ತಿದ ನೋವಿನೆಣ್ಣೆಯ ವಾಸನೆ. ಆ ಮೇಜಿನ ಮೇಲೆ ಬೋರಲು ಮಲಗಿ ಸೂಜಿ ಹೇಳದ ಗುಟ್ಟು ಒಂದೂ ಉಳಿದಿರಲಿಲ್ಲ. ಹೆಂಡತಿಯಾಗುವವಳ ಸುದ್ದಿ ಅಪ್ಪನಿಗಿಂತ ಮೊದಲು ತಿಳಿದದ್ದು ಅಣ್ಣನಿಗೆ.

ಇಪ್ಪತ್ತಾರನೇ ವಯಸ್ಸಿನಲ್ಲಿ ದೂರದ ದೊಡ್ಡ ಕ್ಲಬ್ಬಿನವರು ಇವನನ್ನು ಹುಡುಕಿಕೊಂಡು ಬಂದರು. ಮನೆ ಕೊಡುತ್ತೇವೆ, ಕಾರು ಕೊಡುತ್ತೇವೆ ಎಂದರು. ಅಷ್ಟು ಹೊತ್ತಿಗೆ ಇವನು ದೇಶದ ತಂಡಕ್ಕೆ ಒಂಬತ್ತು ಪಂದ್ಯ ಆಡಿದ್ದ, ಬೆಲೆ ಏರಿತ್ತು. ಕ್ಲಬ್ಬಿನ ಕಾರ್ಯದರ್ಶಿ, ಮಾತಿನಲ್ಲೇ ಮನೆ ಕಟ್ಟುವ ಮನುಷ್ಯ, ಇವನ ಭುಜದ ಮೇಲೆ ಕೈಯಿಟ್ಟು ಕೂತ.

"ನೀನು ಹೋದರೆ ಈ ಕ್ಲಬ್ಬು ಕೆಳಗಿನ ದರ್ಜೆಗೆ ಬೀಳುತ್ತೆ. ನಾನು ತಡೆಯಲ್ಲ. ನಿನ್ನ ಇಷ್ಟ."

"ಉಂಡ ಮನೆಗೆ ಎರಡು ಬಗೆಯೋದು ನನ್ನ ಕೈಲಾಗಲ್ಲ ಸಾರ್" ಎಂದ ಸೂಜಿ. ಮಾಲೀಸಿನಣ್ಣ ಎಣ್ಣೆಗೈಯಲ್ಲೇ ಅವನನ್ನು ಅಪ್ಪಿಕೊಂಡ. ಬಿಳಿ ಅಂಗಿಯ ಬೆನ್ನ ಮೇಲೆ ಎರಡು ಅಂಗೈ ಕಲೆ ಮೂಡಿತು, ಎಷ್ಟು ಒಗೆದರೂ ಹೋಗಲಿಲ್ಲ.

ಮರುವರ್ಷ ದೇಶಗಳ ದೊಡ್ಡ ಪಂದ್ಯಾವಳಿ. ಸೂಜಿ ಇಲ್ಲದೆ ತಂಡ ಉಂಟೇ ಎಂದು ಟೀ ಅಂಗಡಿಯವರೂ ಹೇಳುತ್ತಿದ್ದರು. ಆಟಗಾರರು ಹೊರಡುವಾಗ ಒಂದೇ ಬಣ್ಣದ ಕೋಟು ತೊಡಬೇಕೆಂದು ತಿಳಿದ ಅಪ್ಪ, ಮಗ ಬೇಡವೆಂದರೂ ಕೇಳದೆ, ಗಾಢ ನೀಲಿ ಬಟ್ಟೆ ತಂದು ರಾಷ್ಟ್ರೀಯ ತಂಡದ ಮಾದರಿಯಲ್ಲೇ ಹೊಲಿದ. ಗುಂಡಿ ಹಚ್ಚಿ, ಇಸ್ತ್ರಿ ಮಾಡಿ, ಅಂಗಡಿಯ ಮೊಳೆಗೆ ತೂಗುಹಾಕಿ, ರೇಡಿಯೋ ಮುಂದೆ ಕೂತ. ಇಪ್ಪತ್ತೆರಡು ಹೆಸರು ಓದಿದರು. ಇವನದು ಬರಲಿಲ್ಲ. ಅಪ್ಪ ರೇಡಿಯೋದ ಕಿವಿ ತಿರುವಿ ಇನ್ನಷ್ಟು ಜೋರು ಮಾಡಿದ, ಇನ್ನೂ ಇದೆಯೇನೋ ಎಂಬಂತೆ. ಹವಾಮಾನ ವರದಿ ಶುರುವಾಯಿತು.

ಸೂಜಿ ಕಾರಣ ಕೇಳಲು ಕಾರ್ಯದರ್ಶಿಯ ಬಳಿ ಹೋದ. ಅವನು ನಿಟ್ಟುಸಿರು ಬಿಟ್ಟ.

"ಅವರಿಗೆ ಈಗ ಎತ್ತರದ ಆಳುಗಳು ಬೇಕಂತೆ. ನಾನು ಎಷ್ಟು ಹೇಳಿದೆ. ಏನು ಮಾಡೋದು, ದೇವರು ಕೊಟ್ಟ ಎತ್ತರ."

ತಲೆಯ ಮೇಲೆ ಹೊಡೆದಂಥ ಸುಳ್ಳು. ಆದರೆ ಮೋಟು ಎಂದು ಹುಟ್ಟಿದಾಗಿನಿಂದ ಕೇಳಿಸಿಕೊಂಡವನಿಗೆ ಅದು ಸುಳ್ಳೆನ್ನಿಸುವುದು ಹೇಗೆ? ಮನೆಗೆ ಬಂದು ಅಪ್ಪನಿಗೆ ಹೇಳಿದ. ಅಪ್ಪ ಬಹಳ ಹೊತ್ತು ಮಗನನ್ನು ಅಡಿಯಿಂದ ಮುಡಿಯವರೆಗೆ ನೋಡಿದ.

"ಬಟ್ಟೆ ಆಗಿದ್ದಿದ್ರೆ ಮಡಿಕೆ ಬಿಚ್ಚಿ ಉದ್ದ ಮಾಡಬಹುದಿತ್ತು ಮಗಾ" ಎಂದ.

ಎರಡು ವರ್ಷ ಆ ಕೋಟು ಮೊಳೆಯ ಮೇಲೆ ಇತ್ತು. ಆಮೇಲೆ ಒಂದು ದಿನ ಅಪ್ಪನೇ ಹೊಲಿಗೆ ಬಿಚ್ಚಿ, ಮೊಮ್ಮಗಳಿಗೆ ಶಾಲೆಯ ಲಂಗ ಮಾಡಿದ. ತಾನು ಹೊಲಿದದ್ದನ್ನು ತಾನೇ ಬಿಚ್ಚಿದ್ದು ಅವನ ಜನ್ಮದಲ್ಲಿ ಅದೊಂದೇ. ದೇಶದವರು ಮತ್ತೆಂದೂ ಕರೆಯಲಿಲ್ಲ. ತನ್ನ ಕೈಲಾದದ್ದು ಇಷ್ಟೇ ಎಂದು ಸೂಜಿ ನಂಬಿದ, ಅಪ್ಪನೂ ನಂಬಿದ, ನಂಬಿಕೊಂಡೇ ಸತ್ತ.

ಮೂವತ್ತನಾಲ್ಕಕ್ಕೆ ಸೂಜಿಯ ಎಡ ಮೊಣಕಾಲು ಹೋಯಿತು. ಯಾರೂ ತಳ್ಳಲಿಲ್ಲ, ಯಾರೂ ಒದೆಯಲಿಲ್ಲ. ಚೆಂಡಿನ ಕಡೆ ತಿರುಗಿದ, ಕಾಲು ತಿರುಗಲಿಲ್ಲ. ಅಲ್ಲಿಗೆ ಆಟ ಮುಗಿಯಿತು. ಕ್ಲಬ್ಬಿನವರು ಮೈದಾನ ನೋಡಿಕೊಳ್ಳುವ ಕೆಲಸ ಕೊಟ್ಟರು. ಹುಲ್ಲು ಕತ್ತರಿಸುವುದು, ಸುಣ್ಣದ ಗೆರೆ ಎಳೆಯುವುದು. ಮಾಲೀಸಿನಣ್ಣ ಮಾತ್ರ ಅವತ್ತು ಮೇಜಿನ ಪಕ್ಕ ಕೂತು ತನ್ನ ಮನೆಯಲ್ಲೇ ಸಾವಾದಂತೆ ಅತ್ತ. ಅಂದಿನಿಂದ ಪ್ರತಿ ಗುರುವಾರ ಮಧ್ಯಾಹ್ನ ಸೂಜಿಯ ಮೊಣಕಾಲಿಗೆ ಬಿಸಿ ಎಣ್ಣೆ ಹಚ್ಚಿ ತಿಕ್ಕುವುದು ಅವನ ವ್ರತವೇ ಆಯಿತು. ಇಪ್ಪತ್ತು ವರ್ಷ, ಒಂದು ಗುರುವಾರವೂ ತಪ್ಪಲಿಲ್ಲ. ಜ್ವರ ಬಂದ ದಿನವೂ ಕಂಬಳಿ ಹೊದ್ದು ಬಂದು ತಿಕ್ಕಿದ. ಒಡಹುಟ್ಟಿದವರೂ ಹೀಗೆ ನೋಡಿಕೊಳ್ಳುವುದಿಲ್ಲ ಎಂದು ಸೂಜಿಯ ಹೆಂಡತಿ ಕಂಡವರ ಮುಂದೆಲ್ಲ ಹೇಳುತ್ತಿದ್ದಳು.

ಕ್ಲಬ್ಬಿಗೆ ಎಪ್ಪತ್ತೈದು ತುಂಬಿದ ವರ್ಷ ನೆನಪಿನ ಕೋಣೆ ಮಾಡಬೇಕೆಂದರು. ಹಳೆಯ ಕಾರ್ಯದರ್ಶಿ ಸತ್ತು ಫೋಟೋ ಆಗಿದ್ದ. ಹೊಸ ಕಾರ್ಯದರ್ಶಿ ಚುರುಕಿನ ಹೆಂಗಸು. ಅವಳು ಸೂಜಿಯನ್ನು ಕರೆದು ಹಳೆಯ ಬೀರುವಿನ ಬೀಗದ ಕೈ ಕೊಟ್ಟಳು.

"ಹಳೇ ಫೋಟೋಗಳಲ್ಲಿ ಯಾರು ಯಾರು ಅಂತ ನಿಮ್ಮನ್ನ ಬಿಟ್ಟರೆ ಹೇಳೋರಿಲ್ಲ. ನೀವೇ ವಿಂಗಡಿಸಿ. ನಡುವಿನ ಗಾಜಿನ ಪೆಟ್ಟಿಗೆ ನಿಮ್ಮದೇ. 'ಒಂದೇ ಕ್ಲಬ್ಬು, ಒಂದೇ ಅಂಗಿ' ಅಂತ ಬರೆಸಿದೀನಿ."

ಸೂಜಿ ನಾಚಿಕೊಂಡ. ಆದರೂ ಖುಷಿಯಾಯಿತು, ಯಾಕಾಗಬಾರದು? ಪೆಟ್ಟಿಗೆಯಲ್ಲಿಡಲು ಮೊದಲು ಆರಿಸಿದ್ದು ಒಂದು ಚೆಂಡು. ದೊಡ್ಡ ಪಂದ್ಯ ಗೆದ್ದ ಚೆಂಡಿನ ಮೇಲೆ ಬಿಳಿ ಬಣ್ಣದಲ್ಲಿ ತಾರೀಖು, ಗೋಲಿನ ಲೆಕ್ಕ, ಹೊಡೆದವನ ಹೆಸರು ಬರೆದಿಡುವುದು ಆ ಕ್ಲಬ್ಬಿನ ರೂಢಿ. ಇದರ ಮೇಲೆ 'ಸೂಜಿ, ಎಡಗಾಲು' ಎಂದಿತ್ತು. ಅವನು ಬಲಗಾಲಿನ ಆಟಗಾರ. ಎಡಗಾಲಿನಲ್ಲಿ ಹದಿನೇಳು ವರ್ಷಕ್ಕೆ ಹೊಡೆದದ್ದು ಅದೊಂದೇ ಗೋಲು. ಆ ಒಂದು ಗೋಲು ಕ್ಲಬ್ಬನ್ನು ಕೆಳಗಿನ ದರ್ಜೆಗೆ ಬೀಳದಂತೆ ಉಳಿಸಿತ್ತು. ಎಡಗಾಲಿಗೂ ಒಂದು ಸನ್ಮಾನ ಮಾಡಿ ಎಂದು ಜನ ತಿಂಗಳುಗಟ್ಟಲೆ ತಮಾಷೆ ಮಾಡಿದ್ದರು.

ಬೀರುವಿನ ಕೆಳಗಿನ ಖಾನೆಯಲ್ಲಿ ಒಂದು ಕಡತ ಸಿಕ್ಕಿತು. ದೇಶದ ತಂಡದವರು ಕ್ಲಬ್ಬಿಗೆ ಬರೆದ ಪತ್ರಗಳು. ದೊಡ್ಡ ಪಂದ್ಯಾವಳಿಯ ವರ್ಷದ ಮೂರು ಪತ್ರಗಳಲ್ಲಿ ಅವನ ಹೆಸರು: ತರಬೇತಿ ಶಿಬಿರಕ್ಕೆ ಕೂಡಲೇ ಕಳಿಸಿ. ಮೂರಕ್ಕೂ ಗುಂಡುಸೂಜಿಯಲ್ಲಿ ಚುಚ್ಚಿದ, ಉತ್ತರವಾಗಿ ಕಳಿಸಿದ ಹಳದಿ ಚೀಟಿಯ ನಕಲು: 'ಎಡ ಮೊಣಕಾಲು. ಮೂರು ವಾರ ವಿಶ್ರಾಂತಿ.' ಅಣ್ಣನ ದುಂಡಗಿನ ಅಕ್ಷರ.

ಮೊದಲು ಅವನಿಗೆ ನಗು ಬಂತು. ಆ ವಯಸ್ಸಿನಲ್ಲಿ ತನ್ನ ಎಡಗಾಲಿಗೆ ಒಂದು ತರಚು ಗಾಯವೂ ಆಗಿರಲಿಲ್ಲ. ಪಾಪ, ಅಣ್ಣ ಬೇರೆ ಯಾರದೋ ಚೀಟಿ ಇಲ್ಲಿ ಸೇರಿಸಿಬಿಟ್ಟಿದ್ದಾನೆ ಎಂದುಕೊಂಡ. ನೋಡಿ, ನಂಬಿಕೆ ಎಂಬುದು ಎಂಥ ಕುರುಡು. ಆಮೇಲೆ ಕೊನೆಯ ಚೀಟಿಯ ತಾರೀಖು ನೋಡಿದ. ಮೇಜಿನ ಮೇಲಿದ್ದ ಚೆಂಡಿನ ತಾರೀಖು ನೋಡಿದ. ಚೀಟಿ ಬರೆದು ಎರಡನೇ ದಿನಕ್ಕೆ ಆ ಎಡಗಾಲು ಗೋಲು ಹೊಡೆದಿತ್ತು.

ಕಡತದ ತಳದಲ್ಲಿ ನಾಲ್ಕನೆಯ ಪತ್ರ. 'ಕ್ಲಬ್ಬಿಗೆ ಆಡುವಾಗ ನೋಯದ ಕಾಲು ದೇಶ ಕರೆದಾಗ ಮಾತ್ರ ನೋಯುವುದಾದರೆ, ಅಂಥ ಆಟಗಾರನನ್ನು ಇನ್ನು ಮುಂದೆ ಪರಿಗಣಿಸುವುದಿಲ್ಲ.'

ಆಗ ಒಂದು ಹಳೆಯ ಮದುವೆಮನೆ ನೆನಪಾಯಿತು. ದೇಶದ ತಂಡದ ಗೋಲ್‌ಕೀಪರ್, ಎಲ್ಲರೂ ಗೋಡೆ ಎಂದು ಕರೆಯುತ್ತಿದ್ದವನು, ಇವನು ಕೈ ಚಾಚಿದಾಗ ನೀರಿನ ಲೋಟ ಎತ್ತಿಕೊಂಡು ಆಚೆ ಹೋಗಿದ್ದ. ದೊಡ್ಡವನಾದ, ಸೊಕ್ಕು ಬಂತು ಎಂದು ಸೂಜಿ ಸುಮ್ಮನಾಗಿದ್ದ. ಈಗ ಕೊನೆಯ ಚೀಟಿಯ ಗುಂಡುಸೂಜಿ ಕಿತ್ತು, ಚೀಟಿಯನ್ನು ಜೇಬಿಗೆ ಹಾಕಿಕೊಂಡ.

ಅವತ್ತು ಗುರುವಾರವೇ. ಅಣ್ಣ ಎಣ್ಣೆ ಬಿಸಿ ಮಾಡಿಕೊಂಡು ಕಾದಿದ್ದ. ಎಪ್ಪತ್ತೆರಡರ ಮುದುಕ, ಬೆರಳು ಮಾತ್ರ ಇನ್ನೂ ಗಟ್ಟಿ.

"ತಡ ಆಯ್ತಲ್ಲೋ. ಮಲಕ್ಕೋ, ಎಣ್ಣೆ ಆರಿಹೋಗುತ್ತೆ."

ಸೂಜಿ ಚೀಟಿಯನ್ನು ಮೇಜಿನ ಮೇಲಿಟ್ಟ. "ಇದು ನೀವು ಬರೆದಿದ್ದಾ?"

ನಲವತ್ತು ವರ್ಷದಲ್ಲಿ ಸೂಜಿಯ ಬಾಯಲ್ಲಿ 'ನೀವು' ಕೇಳಿದ್ದು ಇದೇ ಮೊದಲು. ಮುದುಕ ಚೀಟಿ ನೋಡುವ ಮುಂಚೆಯೇ ಸ್ಟೂಲಿನ ಮೇಲೆ ಕೂತ.

"ಆ ಹಳೇ ಕಾರ್ಯದರ್ಶಿ ಬರೆಸಿದ. ಸೂಜಿ ಶಿಬಿರಕ್ಕೆ ಹೋದರೆ ಕ್ಲಬ್ಬು ಬೀಳುತ್ತೆ, ಬಿದ್ದರೆ ಮೊದಲು ನಿನ್ನ ಕೆಲಸ ಹೋಗುತ್ತೆ ಅಂದ. ಒಂದೇ ಸಲ ಅಂದ. ಆಮೇಲೆ ಇನ್ನೊಂದೇ ಸಲ ಅಂದ."

"ಮೂರನೇ ಸಲ?"

"ಮೂರನೇ ಸಲ ಅವನು ಹೆದರಿಸಲಿಲ್ಲ." ಮುದುಕ ತನ್ನ ಅಂಗೈ ನೋಡಿಕೊಂಡ. "ನೀನು ಅಲ್ಲಿಗೆ ಹೋದರೆ ಜಗತ್ತೇ ನಿನ್ನ ನೋಡುತ್ತೆ, ಮತ್ತೆ ಈ ಮೇಜಿಗೆ ಬರಲ್ಲ ಅಂತ ನನಗೇ ಅನ್ನಿಸ್ತು."

ಕಾರ್ಯದರ್ಶಿ ಮೋಸ ಮಾಡಿದ್ದು ಸರಿ, ಅವನ ಕಸುಬೇ ಅದು. ಬೇಲಿಯೇ ಎದ್ದು ಹೊಲ ಮೇಯ್ದರೆ ಯಾರಿಗೆ ಹೇಳುವುದು?

"ಯಾಕೆ ಎಡಗಾಲು?"

"ಸುಳ್ಳು ಬರೆದರೆ ನಿಜ ಆಗುತ್ತೆ ಅಂತಾರಲ್ಲ. ನಿನ್ನ ಬಲಗಾಲಿನ ಮೇಲೆ ಬರೆಯೋಕೆ ಕೈ ಬರಲಿಲ್ಲ. ನೀನು ಆಡೋದು ಬಲಗಾಲಲ್ಲಿ. ಎಡಗಾಲಿಗೆ ಬಂದರೂ ಹೇಗೋ ಆಗುತ್ತೆ ಅಂದ್ಕೊಂಡೆ." ಮುದುಕ ಎಣ್ಣೆಯ ಬಟ್ಟಲು ಹತ್ತಿರ ಎಳೆದುಕೊಂಡ. "ಬಂತಲ್ಲ ಕೊನೆಗೆ. ಆವತ್ತಿಂದ ತಿಕ್ಕುತ್ತಾನೇ ಇದೀನಿ ತಮ್ಮಾ."

ಇಪ್ಪತ್ತು ವರ್ಷದ ಗುರುವಾರಗಳೆಲ್ಲ ಒಮ್ಮೆಲೇ ಹಳಸಿಹೋದವು. ಪ್ರೀತಿ ಎಂದು ಕಾಲು ಚಾಚಿ ಮಲಗಿದ್ದು, ಅಣ್ಣನಂಥವನು ಇಲ್ಲ ಎಂದು ಹೆಂಡತಿ ಊರಿಗೆಲ್ಲ ಹೇಳಿದ್ದು, ಎಲ್ಲ ಈ ಮುದುಕನ ಪಾಪ ತೊಳೆಯುವ ನೀರಾಗಿತ್ತು. ಒಂದು ಮಾತು, ಅಪ್ಪ ಬದುಕಿದ್ದಾಗ ಒಂದು ಮಾತು ಹೇಳಿದ್ದರೆ ಇಷ್ಟು ಎಣ್ಣೆ ಸುರಿಯಬೇಕಿರಲಿಲ್ಲ.

"ನನಗೆ ಎರಡೂ ಕಾಲು ಬೇಕಾಗಿತ್ತು" ಎಂದಷ್ಟೇ ಹೇಳಿ ಸೂಜಿ ಹೊರಟ. ಎಣ್ಣೆಯ ಬಟ್ಟಲು ಹಾಗೇ ಉಳಿಯಿತು.

ಮುಂದಿನ ಗುರುವಾರ ಮೊಣಕಾಲು ಊದಿತ್ತು. "ಹೋಗಲ್ವಾ? ಅಣ್ಣ ಕಾಯ್ತಿರ್ತಾರೆ" ಎಂದಳು ಹೆಂಡತಿ. ಅವನು ಎಲ್ಲ ಹೇಳಿದ. ಅವಳು ಒಲೆಯ ಮೇಲೆ ನೀರಿಟ್ಟು, ಬಟ್ಟೆ ಅದ್ದಿ ತಂದು, ತಾನೇ ಶಾಖ ಕೊಟ್ಟಳು.

ನೆನಪಿನ ಕೋಣೆ ತೆರೆಯುವ ದಿನ ಗಾಜಿನ ಪೆಟ್ಟಿಗೆಯಲ್ಲಿ ಚೆಂಡು ಇತ್ತು, ತಾರೀಖು ಕಾಣುವಂತೆ. ಪಕ್ಕದಲ್ಲಿ ಹಳದಿ ಚೀಟಿ, ತಾರೀಖು ಕಾಣುವಂತೆ. ಅದರ ಪಕ್ಕದಲ್ಲಿ ನಾಲ್ಕನೆಯ ಪತ್ರ. ಮೇಲೆ ಫಲಕ: ಒಂದೇ ಕ್ಲಬ್ಬು, ಒಂದೇ ಅಂಗಿ. ಕಾರ್ಯದರ್ಶಿ ಓದಿ ಬಿಳುಚಿಕೊಂಡಳು.

"ಇದನ್ನ ತೆಗೆಯೋಣ್ವಾ? ಅತಿಥಿಗಳು ಬಂದುಬಿಟ್ಟರು."

"ಕ್ಲಬ್ಬಿನದೇ ಕಾಗದ ಮೇಡಂ. ನನ್ನದೇನೂ ಸೇರಿಸಿಲ್ಲ." ಪೆಟ್ಟಿಗೆಯ ಬೀಗದ ಕೈ ಅವನ ಜೇಬಿನಲ್ಲಿತ್ತು.

ಅತಿಥಿಯಾಗಿ ಬಂದವನು ಗೋಡೆ. ತಲೆ ಪೂರಾ ನರೆತಿತ್ತು. ಸೂಜಿಯನ್ನು ನೋಡಿಯೂ ನೋಡದಂತೆ ದಾಟಿ ಪೆಟ್ಟಿಗೆಯ ಮುಂದೆ ನಿಂತ. ಚೆಂಡು ನೋಡಿದ. ಚೀಟಿ ಓದಿದ. ಕನ್ನಡಕ ತೆಗೆದು, ಒರೆಸಿ, ಹಾಕಿಕೊಂಡು, ಮತ್ತೊಮ್ಮೆ ಓದಿದ. ಬಾಗಿಲ ಬಳಿ ಮಾಲೀಸಿನ ಮುದುಕ ಟವಲು ಹಿಡಿದು ತಲೆ ತಗ್ಗಿಸಿ ನಿಂತಿದ್ದ. ಅವನ ಕಡೆ ಸೂಜಿ ತಿರುಗಲಿಲ್ಲ.

"ನಾವು ಕರೆದರೂ ನೀನು ಬರಲಿಲ್ಲ ಅಂದ್ಕೊಂಡಿದ್ವಿ" ಎಂದ ಗೋಡೆ.

"ನೀವು ಕರೀಲೇ ಇಲ್ಲ ಅಂದ್ಕೊಂಡಿದ್ದೆ."

ಗೋಡೆ ಕೈ ಚಾಚಿದ. ಸೂಜಿ ಹಿಡಿದುಕೊಂಡ. ಆ ಆರಡಿ ಮನುಷ್ಯನ ಮುಂದೆ ಅವನು ಎಂದಿನಂತೆ ಭುಜದ ಮಟ್ಟಕ್ಕೇ ಬರುತ್ತಿದ್ದ.

"ಅಪ್ಪ ಇರಬೇಕಿತ್ತು" ಎಂದ ಸೂಜಿ. "ನನ್ನ ಎತ್ತರ ಸರಿಯಾಗೇ ಇತ್ತು ಅಂತ ಅವನಿಗೆ ಒಂದು ಮಾತು ಹೇಳಬೇಕಿತ್ತು."