ಗಂಡನ ಹೆಸರು ಕೇಳಿದ ಕೋರ್ಟು

ಡಣ್, ಡಣ್, ಸ್ವಲ್ಪ ಬಿಟ್ಟು ಮತ್ತೆ ಡಣ್. ತೊಂಬತ್ತರ ದಶಕದ ಒಂದು ಬೆಳಗ್ಗೆ ಹರಪನಹಳ್ಳಿಯ ನಮ್ಮ ಓಣಿಯಲ್ಲಿ ಹಲಗೆ ಬಾರಿಸಿದ ಸದ್ದು. ಹೆಣ ಹೊರಟಿರಬೇಕೆಂದು ಕಿಟಕಿಗೆ ಬಂದರೆ ಕೋರ್ಟಿನ ಅಮೀನ. ಪಕ್ಕದ ಮನೆಯ ಮುಂದೆ ನಿಂತು, ಈ ಜಾಗವನ್ನು ಡಿಕ್ರಿದಾರನ ಸ್ವಾಧೀನಕ್ಕೆ ಕೊಡತಕ್ಕದ್ದು ಎಂದು ಓದುತ್ತಿದ್ದ.

ಪಕ್ಕದ ಮನೆಯವಳು ಕುರಿ ಸಾಕುವವರ ಸೊಸೆ. ಗಂಡ ಹಿಂಡಿನ ಜೊತೆ ಹೊಳೆಯಾಚೆ ತಿಂಗಳುಗಟ್ಟಲೆ ಇರುತ್ತಿದ್ದ. ಎಳೆ ಮರಿಗಳನ್ನೂ ಮನೆಯನ್ನೂ ನೋಡಿಕೊಳ್ಳುವವಳು ಇವಳೊಬ್ಬಳೇ. ಆ ಮನೆ ಅವಳಪ್ಪ ಅವಳ ಹೆಸರಿಗೆ ಬಿಟ್ಟುಹೋದದ್ದು. ಅದು ತನ್ನದೆಂದು ದೊಡ್ಡಪ್ಪನ ಮಗ ದಾವೆ ಹಾಕಿದ್ದ. ಇವಳು ಕೋರ್ಟಿಗೆ ಬಾರದ್ದರಿಂದ ಗೆದ್ದೂ ಬಿಟ್ಟಿದ್ದ.

"ನನಗ ಯಾರೂ ಹೇಳೇ ಇಲ್ರೀ ಅಮ್ಮಾರ!" ಎಂದು ನನ್ನ ಕೈ ಹಿಡಿದಳು.

"ಸಮನ್ಸ್ ತಂದಾಗ ನಕ್ಕೋತ ಒಳಗ ಹೋದಾಕಿ ನೀನ ಅಲ್ಲೇನು?" ಎಂದ ಅಮೀನ. "ನಾಳಿ ಪೊಲೀಸ್ರನ್ನ ಕರಕೊಂಡು ಬರ್ತೀವಿ. ಸಾಮಾನು ತೆಗದಿಟ್ಟಿರು."

ಆಗಿದ್ದಿಷ್ಟು. ಓಣಿಯಲ್ಲಿ ಅವಳ ಹೆಸರಿನವರೇ ಇಬ್ಬರು. ಸಮನ್ಸ್ ತಂದವನು, ನೀನು ಯಾರ ಹೆಂಡತಿ, ಗಂಡನ ಹೆಸರೇನು ಎಂದು ಕೇಳಿದ್ದಾನೆ. ಇವಳು ಸೆರಗು ಬಾಯಿಗೆ ಅಡ್ಡ ಹಿಡಿದು ಒಳಗೆ ಹೋಗಿದ್ದಾಳೆ. ಅವನು 'ರೆಫ್ಯೂಸ್ಡ್', ಸಮನ್ಸ್ ತೆಗೆದುಕೊಳ್ಳಲು ಒಪ್ಪಲಿಲ್ಲ, ಎಂದು ಬರೆದುಕೊಂಡು ಹೋಗಿದ್ದಾನೆ.

"ಗಂಡನ ಹೆಸರು ಹೇಳಿದ್ರ ಅವರ ಆಯುಷ್ಯ ಕಡಿಮಿ ಆಕ್ಕತಿ ಅಂತಾರ್ರೀ," ಎಂದಳು.

ನಾನು ಬಳ್ಳಾರಿಯ ಕಾನ್ವೆಂಟಿನಲ್ಲಿ ಓದಿದವಳು. ಮದುವೆಯಾದ ವಾರದಿಂದಲೇ ನಮ್ಮವರನ್ನು ಹೆಸರು ಹಿಡಿದು ಕರೆಯುತ್ತಿದ್ದೆ, ವೆರಿ ಮಾಡರ್ನ್. ಅವರು ಬೇಗ ಹೋದರು. ಅವಳ ಮಾತಿಗೆ ನಾನ್ಸೆನ್ಸ್ ಎನ್ನಲು ಬಾಯಿ ಬರಲಿಲ್ಲ.

ರಾತ್ರಿಯಿಡೀ ಒಳಗೂ ಹೊರಗೂ ತಿರುಗಾಡಿ, ಬೆಳಗಾಗುತ್ತಲೇ ಅವಳನ್ನು ವಕೀಲರಲ್ಲಿಗೆ ಕರೆದೊಯ್ದೆ.

"ಇದು ಎಕ್ಸ್-ಪಾರ್ಟಿ, ಆಕಿ ಬರದಾಗ ಆದ ಡಿಕ್ರಿ, ರದ್ದು ಮಾಡಿಸಬಹುದು ಮೇಡಂ. ಆದ್ರ ಮೊದ್ಲು ಸ್ಟೇ ಬೇಕು. ಅವ್ರು ಸ್ವಾಧೀನ ತಗೊಂಡು ಮನಿ ಕೆಡವಿದ ಮ್ಯಾಲ ಕೇಸ್ ಗೆದ್ದು ಏನ್ ಮಾಡ್ತೀರಿ?"

ಕೋರ್ಟಿನ ಬೆಂಚಿನ ಮೇಲೆ ನನಗೆ ಕೂರಲಾಗಲಿಲ್ಲ. ಅಮೀನ ಹೊರಟನೋ ಏನೋ ಎಂದು ಬಾಗಿಲ ಕಡೆಗೇ ಕಣ್ಣು. ಕೊನೆಗೆ ನಮ್ಮ ಅರ್ಜಿ ಬಂತು. ನಮ್ಮ ವಕೀಲರು ನಡೆದದ್ದು ಹೇಳಿದರು.

ಎದುರು ವಕೀಲರು ನಕ್ಕರು. "ಇದೆಲ್ಲಾ ಕಟ್ಟಿದ ಕಥಿ ಸ್ವಾಮಿ. ಈಗರ ಹೇಳ್ಲಿ ನೋಡೋಣ."

ಜಡ್ಜ್ ಅವಳತ್ತ ತಿರುಗಿದರು. "ಹೇಳಮ್ಮ, ಗಂಡನ ಹೆಸರೇನು?"

ಅವಳು ನೆಲ ನೋಡಿದಳು. ಹಿಂದಿನಿಂದ ಯಾರೋ, "ಕಿವ್ಯಾಗರ ಹೇಳವ್ವ, ನಾವ್ಯಾರೂ ಕೇಳಂಗಿಲ್ಲ" ಎಂದು ಕೆಣಕಿದರು. ನಾನು ಕಾನ್ವೆಂಟಿನ ಸಿಸ್ಟರ್‌ಗಳ ಹಾಗೆ "ಸ್ಪೀಕ್ ಅಪ್, ಸ್ಪೀಕ್ ಅಪ್" ಎಂದು ಪಿಸುಗುಟ್ಟುತ್ತಿದ್ದೆ, ಅವಳಿಗೆ ಇಂಗ್ಲಿಷ್ ಬಾರದೆಂಬುದನ್ನೂ ಮರೆತು.

"ಮನಿ ಹೋದ್ರ ಹೋಗ್ಲಿ ಬಿಡ್ರಿ ಸಾಹೇಬ್ರ," ಎಂದಳು ಅವಳು. "ಅದೊಂದು ಕೇಳಬ್ಯಾಡ್ರಿ."

ಜಡ್ಜ್, ಎದುರು ಪಕ್ಷದ ವಕೀಲರನ್ನು ಒಮ್ಮೆ ನೋಡಿ ಬರೆಯತೊಡಗಿದರು. ಮುಂದಿನ ವಾಯಿದೆಯವರೆಗೆ ಸ್ಟೇ.

ವಕೀಲರ ಜೊತೆ ಆರ್ಡರ್ ಹಿಡಿದು ಓಣಿಗೆ ಬಂದರೆ ಅಮೀನ ಆಗಲೇ ಹಾಜರು, ಪಕ್ಕದಲ್ಲಿ ಪೊಲೀಸರು, ಗಡಾರಿ ಹಿಡಿದ ಆಳುಗಳು. ಅವನು ಕಾಗದ ಓದಿ, "ಆತು, ನಡೀರಿ" ಎಂದು ಅವರನ್ನು ಹೊರಡಿಸಿದ.

"ಈಗ ಗೆದ್ದಂಗ ಏನ್ರೀ?" ಅವಳು ವಕೀಲರನ್ನು ಕೇಳಿದಳು.

"ಇಲ್ಲವ್ವ. ಬರೇ ನಿಂತೈತಿ."

"ಎಷ್ಟು ದಿನ ನಿಂದ್ರತೈತಿ?"

ಅವರು ಕರಿ ಕೋಟು ಮಡಚಿ ಕೈಮೇಲೆ ಹಾಕಿಕೊಂಡರು.

ವಾಯಿದೆಯ ಮೇಲೆ ವಾಯಿದೆ ಬಿತ್ತು, ಸ್ಟೇ ಮುಂದುವರಿಯಿತು. ಕೆಲವು ವರ್ಷಗಳ ಮೇಲೆ ನಾನು ದಾವಣಗೆರೆಗೆ, ತಂಗಿಯ ಹತ್ತಿರ ಇರಲು ಹೊರಟೆ. ಬಸ್ ಸ್ಟ್ಯಾಂಡಿಗೆ ಹೋಗುವಾಗ ಕೋರ್ಟಿನ ಮುಂದೆ ಆಟೋ ನಿಲ್ಲಿಸಿದೆ. ಅವಳು ಮೆಟ್ಟಿಲ ಮೇಲೆ ಕೂತಿದ್ದಳು.

"ಹೋಗ್ರಿ ಅಮ್ಮಾರ, ಬಸ್ಸು ತಪ್ಪೀತು. ನನ್ನ ಕೂಗಾಕ ಇನ್ನೂ ಹೊತ್ತೈತಿ."

ಆಟೋ ಹೊರಟ ಮೇಲೆ ತಿರುಗಿ ನೋಡಿದೆ. ಜವಾನ ಬಾಗಿಲಿಗೆ ಬಂದು ಕೂಗಿದ. ಕೂಗಿದ್ದು ಬೇರೆ ಯಾರದೋ ಕೇಸು. ಆದರೂ ಅವಳು ಎದ್ದು ನಿಂತಿದ್ದಳು.