ಟೊಲೆಡೊದಲ್ಲಿ ಒಂದು ತಲೆ ಕಡಿಮೆ

2023ರ ಸೆಪ್ಟೆಂಬರ್ ತಿಂಗಳು. ಕುವೈತಿನ ಶುವೈಖ್ ಇಂಡಸ್ಟ್ರಿಯಲ್ ಏರಿಯಾದಲ್ಲಿ, ಕಾರ್ ಶೋರೂಮುಗಳ ನಡುವೆ ಸಿಕ್ಕಿಕೊಂಡಿದ್ದ ಒಂದು ಟ್ರಾವೆಲ್ ಏಜೆನ್ಸಿಯಲ್ಲಿ ನಾನು ಟೂರ್ ಲೀಡರ್ ಆಗಿದ್ದೆ. ಹದಿಮೂರು ವರ್ಷ ಟಿಕೆಟ್ ಕೌಂಟರಿನಲ್ಲಿ ಕೂತು, ಆಮೇಲೆ ಒಂಬತ್ತು ವರ್ಷ ಯುರೋಪಿಗೆ ಗುಂಪುಗಳನ್ನು ಕರೆದೊಯ್ದವನು. ಟೂರ್ ಲೀಡರ್ ಬೇರೆ, ಗೈಡ್ ಬೇರೆ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ, ಏಕೆಂದರೆ ಮುಲ್ಕಿಗೆ ರಜೆಯಲ್ಲಿ ಹೋದಾಗ ಎಲ್ಲರೂ ನನ್ನನ್ನು ಗೈಡ್ ಎಂದೇ ಪರಿಚಯಿಸುತ್ತಾರೆ, ನನಗೆ ಮೈ ಉರಿಯುತ್ತದೆ. ಅರಮನೆಯ ಕಥೆ ಹೇಳುವವರು ಆಯಾ ಊರಿನ ಗೈಡ್. ಕುವೈತಿನಲ್ಲಿ ವಿಮಾನ ಹತ್ತಿದಷ್ಟೂ ಮಂದಿ ಮತ್ತೆ ಕುವೈತಿನಲ್ಲಿ ಇಳಿಯುವಂತೆ ನೋಡಿಕೊಳ್ಳುವವನು ಟೂರ್ ಲೀಡರ್. ಹೋಟೆಲು, ಬಸ್ಸು, ಊಟ, ಜಗಳ, ಹೊಟ್ಟೆನೋವು ಎಲ್ಲವೂ ಅವನ ತಲೆಗೆ. ದಿನಕ್ಕೆ ಹತ್ತು ಸಲ ಪ್ರಯಾಣಿಕರ ತಲೆ ಎಣಿಸುವುದು ಅವನ ಮುಖ್ಯ ಕೆಲಸ.

ಆ ಸಲ ನನ್ನ ಗುಂಪಿನಲ್ಲಿ ಮೂವತ್ತೊಂದು ಜನ. ಮ್ಯಾಡ್ರಿಡಿನಲ್ಲಿ ಐದು ದಿನದ ವಾಸ. ಮೂರನೆಯ ದಿನ ಅರಾಂಹುಯೆಸ್‌ನ ಅರಮನೆ ಮತ್ತು ಟೊಲೆಡೊ ಎಂಬ ಹಳೆಯ ಕೋಟೆ ಪಟ್ಟಣ, ಬೆಳಿಗ್ಗೆ ಹೋಗಿ ಸಂಜೆ ಬರುವುದು. ಆ ದಿನದ ಪ್ರವಾಸವನ್ನು ನಾನು ಅಷ್ಟರಲ್ಲಿ ಹದಿನೇಳು ಸಲ ಮಾಡಿಸಿದ್ದೆ. ಯಾವ ತಿರುವಿನಲ್ಲಿ ಯಾರಿಗೆ ವಾಂತಿ ಬರುತ್ತದೆ ಎಂದೂ ಹೇಳಬಲ್ಲವನಾಗಿದ್ದೆ.

ಗುಂಪಿನ ಮೂವತ್ತೊಂದನೆಯ ಹೆಸರು ವಾರಿಜ. ನನ್ನ ಹೆಂಡತಿ ಶಶಿಕಲಾ ಜಾಬ್ರಿಯಾದ ಒಂದು ಖಾಸಗಿ ಕ್ಲಿನಿಕ್ಕಿನಲ್ಲಿ ನರ್ಸ್. ವಾರಿಜ ಅಲ್ಲೇ ವಾರ್ಡಿನ ಸಹಾಯಕಿ, ವಯಸ್ಸು ನಲವತ್ತನಾಲ್ಕು, ಕಿನ್ನಿಗೋಳಿ ಕಡೆಯವಳು. ಹನ್ನೊಂದು ವರ್ಷದಿಂದ ಪ್ರತಿ ಶುಕ್ರವಾರ ಮಧ್ಯಾಹ್ನದ ಊಟ ನಮ್ಮ ಮನೆಯಲ್ಲೇ. ಶಶಿಯನ್ನು ಅಕ್ಕ ಎಂದೂ ನನ್ನನ್ನು ಭಾವ ಎಂದೂ ಕರೆಯುತ್ತಿದ್ದಳು. ಮದುವೆಯಾದ ಎರಡೇ ವರ್ಷಕ್ಕೆ ಗಂಡ ಬಿಟ್ಟುಹೋಗಿದ್ದ. ಊರಿನಲ್ಲಿ ಅಣ್ಣನ ಮನೆಯ ಒಂದು ಕೋಣೆ ಬಿಟ್ಟರೆ ಅವಳದು ಎನ್ನುವಂಥದ್ದು ಏನೂ ಇರಲಿಲ್ಲ. ಕೂಡಿಟ್ಟ ದುಡ್ಡಿನಲ್ಲಿ ಒಮ್ಮೆ ಯುರೋಪ್ ನೋಡಬೇಕು ಎಂದು ಅವಳೇ ಕೇಳಿದ್ದಳು.

ಯುರೋಪಿನ ವೀಸಾ ಕೊಡುವವರು ಮುಖ್ಯವಾಗಿ ನೋಡುವುದು ಒಂದನ್ನೇ: ಹೋದವರು ವಾಪಸು ಬರುತ್ತಾರೋ ಇಲ್ಲವೋ. ಒಂಟಿ ಹೆಂಗಸು, ಸಣ್ಣ ಸಂಬಳ ಎಂದರೆ ಅರ್ಜಿ ಅಲ್ಲೇ ಬೀಳುತ್ತದೆ. ಹಾಗಾಗಿ ನಾನು ಏಜೆನ್ಸಿಯ ಕಾಗದದ ಮೇಲೆ ಬರೆದುಕೊಟ್ಟೆ: ಈಕೆಯನ್ನು ಹನ್ನೊಂದು ವರ್ಷದಿಂದ ಬಲ್ಲೆ, ಗುಂಪಿನೊಂದಿಗೇ ಮರಳುತ್ತಾರೆ, ನಾನು ಜವಾಬ್ದಾರ. ನಮ್ಮ ಮ್ಯಾನೇಜರ್ ಉಸ್ಮಾನ್ ಸಾಹೇಬರು ಬಂಟ್ವಾಳದವರು. ಓದಿ ನೋಡಿ ಒಂದೇ ಮಾತು ಹೇಳಿದರು: "ಪಾಸ್‌ಪೋರ್ಟ್ ನೀನೇ ಇಟ್ಕೊ ಪದ್ಮನಾಭ."

ಆಗುವುದಿಲ್ಲ ಎಂದೆ. ಗುಂಪಿನವರ ಪಾಸ್‌ಪೋರ್ಟುಗಳನ್ನು ಚೀಲಕ್ಕೆ ಹಾಕಿಕೊಂಡು ತಿರುಗುವ ಲೀಡರುಗಳು ಇದ್ದಾರೆ. ನಾನು ಮಾತ್ರ ಒಂಬತ್ತು ವರ್ಷದಲ್ಲಿ ಒಬ್ಬರದ್ದನ್ನೂ ಮುಟ್ಟಿಲ್ಲ. ಕುವೈತಿಗೆ ಬಂದ ಹೊಸದರಲ್ಲಿ ನನ್ನ ಕಫೀಲ್, ಅಂದರೆ ನನ್ನನ್ನು ಕೆಲಸಕ್ಕೆ ಕರೆಸಿಕೊಂಡ ಧಣಿ, ನನ್ನ ಪಾಸ್‌ಪೋರ್ಟನ್ನು ಕಪಾಟಿನಲ್ಲಿಟ್ಟು ಬೀಗ ಹಾಕಿ ಬೇಸಿಗೆಗೆ ಲಂಡನ್ನಿಗೆ ಹೋಗಿದ್ದ. ಅದೇ ಜೂನಿನಲ್ಲಿ ನನ್ನ ತಂಗಿಯ ಮದುವೆ ನಾನಿಲ್ಲದೆ ನಡೆಯಿತು. ಆ ಅವಮಾನವನ್ನು ಇನ್ನೊಬ್ಬರಿಗೆ ಮಾಡಲಾರೆ ಎಂದು ಸಾಹೇಬರಿಗೆ ಸ್ವಲ್ಪ ಜೋರಾಗಿಯೇ ಹೇಳಿದೆ. ಅವರು ಸಹಿ ಹಾಕಿದರು.

ಹೊರಡುವ ಮೊದಲಿನ ಶುಕ್ರವಾರ ಊಟ ಮುಗಿಸಿ ವಾರಿಜ ನೋಟ್‌ಬುಕ್ ತೆಗೆದಳು. ಟೊಲೆಡೊದಲ್ಲಿ ನಮ್ಮಷ್ಟಕ್ಕೆ ತಿರುಗಲು ಎಷ್ಟು ಹೊತ್ತು ಬಿಡುತ್ತೀರಿ, ಬಸ್ಸು ಎಲ್ಲಿ ನಿಲ್ಲುತ್ತದೆ, ಅಲ್ಲಿ ರೈಲು ಇದೆಯಾ ಎಂದೆಲ್ಲ ಕೇಳಿದಳು. ನನಗೆ ಖುಷಿಯೋ ಖುಷಿ. ಬಹಳಷ್ಟು ಪ್ರಯಾಣಿಕರಿಗೆ ಊಟಕ್ಕೆ ಅನ್ನ ಸಿಗುತ್ತದಾ ಎಂಬುದರಾಚೆ ಪ್ರಶ್ನೆಯೇ ಇರುವುದಿಲ್ಲ. ನಾನು ಆ ಪುಸ್ತಕದಲ್ಲೇ ನಕ್ಷೆ ಬರೆದೆ. ಇಲ್ಲಿ ಸೊಕೊದೊವೆರ್ ಎಂಬ ಚೌಕ, ಇಲ್ಲಿಂದ ಇಳಿಜಾರು, ಇಲ್ಲಿ ನದಿಗೆ ಕಲ್ಲಿನ ಸೇತುವೆ, ದಾಟಿದರೆ ರೈಲ್ವೆ ಸ್ಟೇಷನ್. ನಡೆದರೆ ಇಪ್ಪತ್ತು ನಿಮಿಷ, ಅಲ್ಲಿಂದ ಮ್ಯಾಡ್ರಿಡಿಗೆ ರೈಲಿನಲ್ಲಿ ಅರ್ಧ ಗಂಟೆ ಎಂದೆ. ಸ್ಟೇಷನ್ನಿನ ಕಟ್ಟಡವೂ ಅರಮನೆಯ ಹಾಗೇ ಇದೆ ಎಂದು ವರ್ಣಿಸಿದೆ. ಶಶಿ ಪಾತ್ರೆ ತೊಳೆಯುತ್ತಾ ಕೇಳಿಸಿಕೊಳ್ಳುತ್ತಿದ್ದಳು.

ಮೂರನೆಯ ದಿನ ಬೆಳಿಗ್ಗೆ ಎಂಟೂವರೆಗೆ ಮ್ಯಾಡ್ರಿಡಿನಿಂದ ಬಸ್ಸು ಹೊರಟಿತು. ಕಾರ್ಮೆನ್ ಎಂಬ ಸ್ಥಳೀಯ ಗೈಡ್ ನಮ್ಮ ಜೊತೆಗಿದ್ದಳು. ಅರಾಂಹುಯೆಸ್‌ನ ಅರಮನೆಯಲ್ಲಿ ಗೋಡೆಯಿಂದ ಚಾವಣಿಯವರೆಗೆ ಪಿಂಗಾಣಿಯೇ ಹೊದಿಸಿದ ಒಂದು ಕೋಣೆಯಿದೆ. ನಮ್ಮವರು ಅಲ್ಲಿಗೆ ಬಂದಾಗ ಸಾಮಾನ್ಯವಾಗಿ ಒಂದು ನಿಮಿಷ ಮಾತು ನಿಲ್ಲಿಸುತ್ತಾರೆ, ಆಮೇಲೆ ಇದನ್ನು ಒರೆಸುವವರು ಯಾರು ಎಂಬ ಚರ್ಚೆ ಶುರುವಾಗುತ್ತದೆ. ಆ ದಿನವೂ ಹಾಗೇ ಆಯಿತು. ಮಂಡಿನೋವಿನ ಗ್ರೇಸಿ ಬಾಯಿ, ಎಪ್ಪತ್ತರ ನಿವೃತ್ತ ಟೀಚರ್, ಮೆಟ್ಟಿಲು ಹತ್ತಲಾರದೆ ನಿಂತಾಗ ವಾರಿಜ ಅವರ ತೋಳು ಹಿಡಿದು ಅರಮನೆ ಪೂರ್ತಿ ತೋರಿಸಿದಳು. ತೋಟದಲ್ಲಿ ಅವಳ ಒಂದು ಫೋಟೋ ತೆಗೆದೆ. ಹಳದಿ ದುಪಟ್ಟಾ, ಬಾಯಿ ತುಂಬ ನಗು. "ಭಾವ, ನಿಮ್ಮಿಂದ ಇಷ್ಟು ನೋಡ್ಲಿಕ್ಕೆ ಸಿಕ್ಕಿತು," ಎಂದಳು.

ಟೊಲೆಡೊದಲ್ಲಿ ಎರಡೂವರೆಗೆ ಗುಂಪನ್ನು ಬಿಟ್ಟೆವು. ನಾಲ್ಕೂವರೆಗೆ ಚೌಕದಲ್ಲಿ ಸೇರಬೇಕು. ಸೇರಿದಾಗ ಎಣಿಸಿದೆ, ಮೂವತ್ತು. ಮತ್ತೆ ಎಣಿಸಿದೆ, ಮೂವತ್ತೇ. ಗ್ರೇಸಿ ಬಾಯಿ ಹೇಳಿದರು: "ವಾರಿಜ ನನ್ನನ್ನು ಬೆಂಚಿನ ಮೇಲೆ ಕೂರಿಸಿ, ನೀರು ತಂದುಕೊಟ್ಟು, ಈಗ ಬರ್ತೇನೆ ಬಾಯಿ ಅಂತ ಹೋದಳು." ಎಷ್ಟು ಹೊತ್ತಿಗೆ ಎಂದರೆ ಮೂರಕ್ಕೇ. ಫೋನ್ ಮಾಡಿದರೆ ಸ್ವಿಚ್ ಆಫ್.

ಐದೂಕಾಲರವರೆಗೆ ಕಾದೆವು. ಸ್ಪೇನಿನಲ್ಲಿ ಬಸ್ ಚಾಲಕನ ಕೆಲಸದ ಹೊತ್ತಿಗೆ ಕಾನೂನಿನ ಮಿತಿಯಿದೆ, ಅವನು ಗಡಿಯಾರ ತೋರಿಸತೊಡಗಿದ. ಗುಂಪನ್ನು ಕಾರ್ಮೆನ್ ಜೊತೆ ಹೋಟೆಲಿಗೆ ಕಳುಹಿಸಿ ನಾನು ಉಳಿದೆ. ಟೊಲೆಡೊವನ್ನು ಮೂರು ಕಡೆಯಿಂದ ತಾಹೊ ನದಿ ಸುತ್ತಿಕೊಂಡಿದೆ, ದಂಡೆ ಬಹಳ ಕಡಿದು. ಫೋಟೋ ತೆಗೆಯಲು ಹೋಗಿ ಕಾಲು ಜಾರಿರಬಹುದೇ ಎಂಬ ಯೋಚನೆ ಬಂತು. ಸೇತುವೆಯಿಂದ ಕೆಳಗಿಳಿದು ದಂಡೆಯುದ್ದಕ್ಕೂ ಹುಡುಕಿದೆ. ನೀರಿನಂಚಿನಲ್ಲಿ ಹಳದಿ ಪ್ಲಾಸ್ಟಿಕ್ಕಿನ ಚೂರು ಕಂಡರೂ ಓಡಿಹೋಗಿ ನೋಡುತ್ತಿದ್ದೆ. ಅಲ್ಲಿಂದಲೇ ಕುವೈತಿಗೆ ಫೋನ್ ಮಾಡಿ ಶಶಿಗೆ ವಿಷಯ ಹೇಳುವಾಗ ನನ್ನ ಸ್ವರ ನಡುಗುತ್ತಿತ್ತು.

ಶಶಿ ಹೇಳಿದಳು: "ಹುಡುಕಿ. ಪೊಲೀಸಿಗೆ ಕಂಪ್ಲೇಂಟ್ ಕೊಡಿ. ಸಿಗ್ಬಹುದು."

ಪೊಲೀಸ್ ಠಾಣೆಯಲ್ಲಿ ಇಂಗ್ಲಿಷ್ ಬಲ್ಲ ಅಧಿಕಾರಿಯೊಬ್ಬರು ವಿವರ ಬರೆದುಕೊಂಡರು. ಪಾಸ್‌ಪೋರ್ಟ್ ಯಾರ ಬಳಿ ಇದೆ ಎಂದು ಕೇಳಿದರು, ಅವಳ ಬಳಿಯೇ ಎಂದೆ. ಪೆನ್ನು ಕೆಳಗಿಟ್ಟು, ಈಕೆ ತಾನಾಗಿಯೇ ಹೋಗಿರಬಹುದಲ್ಲವೇ ಎಂದರು. ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಅವಳು ಅಂಥವಳಲ್ಲ, ನನ್ನ ಮನೆಯ ಮಗಳಿದ್ದ ಹಾಗೆ ಎಂದು ಮೇಜು ಗುದ್ದಿ ಹೇಳಿದೆ. ಅವರು ಪಾಪ, ನನ್ನ ಮುಂದೆ ಒಂದು ಲೋಟ ನೀರಿಟ್ಟರು. ಮರುದಿನ ಗುಂಪು ಸೆಗೋವಿಯಾದ ಕೋಟೆ ನೋಡಲು ಹೋದಾಗ ನಾನು ಮತ್ತೆ ಟೊಲೆಡೊಗೆ ಹೋಗಿ ಎರಡು ಆಸ್ಪತ್ರೆ, ನಾಲ್ಕು ಇಗರ್ಜಿ, ಮತ್ತೊಮ್ಮೆ ನದಿ ದಂಡೆ ಎಲ್ಲ ಅಲೆದೆ. ಆ ತೋಟದ ಫೋಟೋವನ್ನು ಎಷ್ಟು ಜನ ಅಂಗಡಿಯವರಿಗೆ ತೋರಿಸಿದೆನೋ ಲೆಕ್ಕವಿಲ್ಲ. ಬೆಂಚೊಂದರ ಮೇಲೆ ಕೂತು ಅತ್ತೆ ಎಂದು ಹೇಳಿಕೊಳ್ಳಲು ಈಗ ನಾಚಿಕೆಯಾಗುತ್ತದೆ, ಆದರೆ ಅತ್ತದ್ದು ನಿಜ.

ಆರನೆಯ ದಿನ ಮೂವತ್ತು ಜನರನ್ನು ಕರೆದುಕೊಂಡು ಕುವೈತಿನಲ್ಲಿ ಇಳಿದೆ. ಸಾಲ್ಮಿಯಾದ ನಮ್ಮ ಫ್ಲಾಟಿಗೆ ಬಂದಾಗ ಮಧ್ಯಾಹ್ನ. ಶಶಿ ಬಾಗಿಲು ತೆಗೆದು ನನ್ನ ಮುಖ ನೋಡಿದಳು.

"ಕೂತ್ಕೊಳ್ಳಿ, ಮೊದಲು ಚಾ ಕುಡೀರಿ," ಎಂದಳು. "ಅವಳು ಸುಖವಾಗಿ ಮುಟ್ಟಿದ್ದಾಳೆ. ನೀವು ಇನ್ನು ಹೆದರ್ಲಿಕ್ಕಿಲ್ಲ."

ನನಗೆ ಮೊದಲು ಅರ್ಥವೇ ಆಗಲಿಲ್ಲ. "ನಿಂಗೆ ಯಾವಾಗ ಗೊತ್ತಾಯ್ತು?" ಎಂದು ಕೇಳಿದೆ.

"ಮೊದಲಿಂದ್ಲೂ ಗೊತ್ತಿತ್ತು."

ಎಲ್ಲವನ್ನೂ ಅವಳೇ ಹೇಳಿದಳು. ಕ್ಲಿನಿಕ್ಕಿನವರು ವಾರಿಜಳ ಕಾಂಟ್ರ್ಯಾಕ್ಟ್ ಮುಂದುವರಿಸುವುದಿಲ್ಲ ಎಂದು ಬೇಸಿಗೆಯಲ್ಲೇ ತಿಳಿಸಿದ್ದರಂತೆ. ಮುಂದಿನ ವರ್ಷ ಅವಳ ಇಕಾಮಾ, ಅಂದರೆ ಇಲ್ಲಿರುವ ಪರವಾನಗಿ, ಮುಗಿದರೆ ಅಣ್ಣನ ಮನೆಯ ಆ ಕೋಣೆಯೇ ಗತಿ. ಬಾರ್ಸಿಲೋನಾದ ಹತ್ತಿರ ವೃದ್ಧೆಯೊಬ್ಬರನ್ನು ನೋಡಿಕೊಳ್ಳುವ ಕೆಲಸ ಪರಿಚಯದವರ ಮೂಲಕ ಸಿಕ್ಕಿತ್ತು, ಹೋಗಲು ದಾರಿ ಇರಲಿಲ್ಲ. ದಾರಿ ನಾನು. ನನ್ನ ಹೆಂಡತಿ ತನ್ನ ಉಣ್ಣೆಯ ಸ್ವೆಟರನ್ನೂ ಅವಳ ಚೀಲಕ್ಕೆ ತುಂಬಿ ಕಳಿಸಿದ್ದಳು. ನಾನು ನಕ್ಷೆ ಬರೆಯುತ್ತಿದ್ದಾಗ ಆ ಅಡುಗೆಮನೆಯಲ್ಲಿ ವಿಷಯ ಗೊತ್ತಿಲ್ಲದವನು ನಾನೊಬ್ಬನೇ.

"ಮತ್ತೆ ಹುಡುಕಿ ಅಂತ ಯಾಕೆ ಹೇಳಿದ್ದು?" ಎಂದು ಕಿರುಚಿದೆ. "ನಾನು ನದಿಯಲ್ಲಿ ಹೆಣ ಹುಡುಕ್ತಾ ಇದ್ದೆ ಮಾರಾಯ್ತಿ!"

ಶಶಿ ಅಳಲಿಲ್ಲ. "ನಿಮಗೆ ಹೇಳಿದ್ರೆ ನಿಮ್ಮ ಮುಖ ನೋಡಿಯೇ ಪೊಲೀಸರಿಗೆ ಗೊತ್ತಾಗ್ತಿತ್ತು. ನಿಮಗೆ ಸುಳ್ಳು ಹೇಳ್ಲಿಕ್ಕೆ ಬರುದಿಲ್ಲ. ನೀವು ನಿಜವಾಗಿ ಹುಡುಕಿದ್ರಿ, ಹಾಗಾಗಿ ನಿಮ್ಮ ಮೇಲೆ ಯಾರಿಗೂ ಡೌಟ್ ಬರ್ಲಿಲ್ಲ."

ಇಪ್ಪತ್ತು ವರ್ಷದ ಸಂಸಾರದಲ್ಲಿ ಅವಳು ನನ್ನನ್ನು ಇಷ್ಟು ಸರಿಯಾಗಿ ಓದಿಕೊಂಡಿದ್ದಾಳೆ ಎಂಬುದೇ ನನಗೆ ಹೆಚ್ಚು ಚುಚ್ಚಿತು. ವಾರಿಜ ಕಣ್ಣಿಗೆ ಮಣ್ಣೆರಚಿದಳು, ಸರಿ, ಅವಳಿಗೆ ಅವಳ ಬದುಕು. ಆದರೆ ನನ್ನ ಪ್ರಾಮಾಣಿಕತೆಯನ್ನೇ ಒಂದು ಸಾಮಾನಿನ ಹಾಗೆ ಎತ್ತಿ ಬಳಸಿದವಳು ನನ್ನ ಮನೆಯವಳು. ಆ ಚಾ ನಾನು ಕುಡಿಯಲಿಲ್ಲ.

ಮರುದಿನ ಆಫೀಸಿನಲ್ಲಿ ವರದಿ ಕೊಡಬೇಕಿತ್ತು. ನಾಪತ್ತೆಯಾದ ಪ್ರಯಾಣಿಕರ ವರದಿಯಲ್ಲಿ ಮೊದಲೇ ಸುಳಿವು ಇತ್ತೇ ಎಂಬ ಒಂದು ಪ್ರಶ್ನೆ ಇರುತ್ತದೆ. ಉಸ್ಮಾನ್ ಸಾಹೇಬರು ಅದರ ಮೇಲೆ ಬೆರಳಿಟ್ಟು ಕೇಳಿದರು: "ನಿನ್ನ ಮಿಸೆಸ್ ಅದೇ ಕ್ಲಿನಿಕ್ ಅಲ್ವಾ? ಅವರಿಗೂ ಏನೂ ಗೊತ್ತಿರ್ಲಿಲ್ವಾ?"

ನಿಜ ಹೇಳಿದ್ದರೆ ಶಶಿಯ ಹೆಸರು ವರದಿಯಲ್ಲಿ ಬರುತ್ತಿತ್ತು. ಅವಳ ಕೆಲಸ, ಅವಳ ಇಕಾಮಾ ಎರಡೂ ಹೋಗುತ್ತಿದ್ದವು. "ಇಲ್ಲ ಸಾಹೇಬ್ರೆ, ಅವಳಿಗೂ ಶಾಕ್," ಎಂದೆ. ಸ್ವರ ನಡುಗಲಿಲ್ಲ. ಅವರು ಇನ್ನೇನೂ ಕೇಳದೆ ಸಹಿ ಹಾಕಿದರು.

ಪರಿಣಾಮ ಆಗಬೇಕಾದದ್ದೇ ಆಯಿತು. ಮುಂದಿನ ಎರಡು ಗುಂಪುಗಳ ಹೆಚ್ಚಿನ ವೀಸಾ ಅರ್ಜಿಗಳು ತಿರಸ್ಕೃತವಾದವು. ಯಾರೋ ಮಗಳ ಮದುವೆಗೆ ಮೊದಲು ತಂದೆತಾಯಿಗೆ ಯುರೋಪ್ ತೋರಿಸಬೇಕೆಂದಿದ್ದವರು, ಯಾರೋ ಫ್ರಾನ್ಸಿನ ಲೂರ್ದ್ ಮಾತೆಯ ಇಗರ್ಜಿಗೆ ಹರಕೆ ಹೊತ್ತವರು, ಎಲ್ಲರೂ ನನ್ನ ಒಂದು ಸಹಿಯಿಂದ ಇಲ್ಲೇ ಉಳಿದರು. ನನ್ನನ್ನು ಮತ್ತೆ ಟಿಕೆಟ್ ಕೌಂಟರಿಗೆ ಹಾಕಿದರು. ಮನೆಯಲ್ಲಿ ಶುಕ್ರವಾರ ಶಶಿ ಫೋನ್ ಹಿಡಿದು ಒಳಗಿನ ಕೋಣೆಗೆ ಹೋಗುತ್ತಾಳೆ, ಬಾಗಿಲು ಮುಚ್ಚುತ್ತಾಳೆ. ಯಾರ ಜೊತೆ ಮಾತು ಎಂದು ನಾನು ಕೇಳುವುದಿಲ್ಲ.

ಕಳೆದ ವರ್ಷ ಉಸ್ಮಾನ್ ಸಾಹೇಬರು ನಿವೃತ್ತರಾಗಿ ಊರಿಗೆ ಹೊರಟರು. ಬೀಳ್ಕೊಡುಗೆಯ ದಿನ ಎಲ್ಲರೆದುರು ನನ್ನ ಹೆಗಲ ಮೇಲೆ ಕೈಯಿಟ್ಟು, "ಇಷ್ಟು ವರ್ಷದಲ್ಲಿ ನನಗೆ ಬೇಜಾರಾದದ್ದು ಒಂದೇ. ಇಂಥ ಮನುಷ್ಯನಿಗೆ ಆ ಹೆಂಗಸು ಮೋಸ ಮಾಡಿದಳಲ್ಲ," ಎಂದರು. ಅವರ ಕಣ್ಣು ಒದ್ದೆಯಾಗಿತ್ತು. ಈ ವೃತ್ತಿ ನನಗೆ ಕಲಿಸಿದ ಪಾಠವನ್ನು ಹೇಳುವುದಾದರೆ ಆ ಬೀಳ್ಕೊಡುಗೆಯಲ್ಲಿ ಕಲಿತದ್ದನ್ನೇ ಹೇಳಬೇಕು. ಕಾಣೆಯಾದವಳಿಗಾಗಿ ಟೊಲೆಡೊದ ಬೆಂಚಿನ ಮೇಲೆ ಕೂತು ಅಳಬಲ್ಲವನಾಗಿದ್ದ ನಾನು, ನನ್ನನ್ನು ನಂಬಿದವರ ಆ ಕಣ್ಣೀರಿನೆದುರು ನಿಜ ಹೇಳದೆ ತಲೆಯಾಡಿಸಿ, ಅವರ ಕೈ ಕುಲುಕಿದೆ.